ಮೈತ್ರಿ ಸಂಪುಟದ 34 ಸ್ಥಾನಗಳ ಲೆಕ್ಕ

ಮಾನ್ಯರೇ, ಕರ್ನಾಟಕದ ಸಚಿವರ ಸಂಖ್ಯೆಗಿರುವ 34ರ ಮಿತಿಯಲ್ಲಿ ಮುಖ್ಯಮಂತ್ರಿಯೂ ಸೇರುತ್ತಾರೆಯೇ ಮತ್ತು 2018ರ ಕಾಂಗ್ರೆಸ್‌–ಜೆಡಿಎಸ್‌ ಮೈತ್ರಿ ಸರ್ಕಾರದಲ್ಲಿ ಕೇವಲ 37 ಶಾಸಕರಿದ್ದ ಜೆಡಿಎಸ್‌ಗೆ 12 ಸ್ಥಾನಗಳು ಹೇಗೆ ದೊರೆತವು ಎಂದು ಕೇಳಿದ್ದೀರಿ.

ಮುಖ್ಯಮಂತ್ರಿಯೂ ಸೇರುತ್ತಾರೆ. ಸಂವಿಧಾನದ 2003ರ 91ನೇ ತಿದ್ದುಪಡಿಯು ಮುಖ್ಯಮಂತ್ರಿ ಸಹಿತ ಮಂತ್ರಿಮಂಡಲವು ವಿಧಾನಸಭೆಯ ಸದಸ್ಯಬಲದ ಶೇ 15ನ್ನು ಮೀರಬಾರದೆಂದು ವಿಧಿಸುತ್ತದೆ; ಕರ್ನಾಟಕದ 224 ಸ್ಥಾನಗಳಿಗೆ ಅದು 33.6 ಆಗುವುದರಿಂದ ರೂಢಿಯಲ್ಲಿ 34 ಎಂದು ಎಣಿಸುತ್ತಾರೆ. ಸಂಪುಟ ದರ್ಜೆಯವರಷ್ಟೇ ಅಲ್ಲ, ರಾಜ್ಯ ಸಚಿವರೂ ಇದೇ ಮಿತಿಯೊಳಗೆ ಬರುತ್ತಾರೆ.

ಮಿತ್ರಪಕ್ಷಗಳ ಹಂಚಿಕೆಗೆ ಮಾತ್ರ ಸಂವಿಧಾನದಲ್ಲಿ ಯಾವ ಸೂತ್ರವೂ ಇಲ್ಲ. ಕಾಂಗ್ರೆಸ್‌ಗೆ 22, ಮುಖ್ಯಮಂತ್ರಿ ಸೇರಿ ಜೆಡಿಎಸ್‌ಗೆ 12 ಎಂಬುದು ಉಭಯ ಪಕ್ಷಗಳ ಒಪ್ಪಂದವಾಗಿದ್ದು, ಶಾಸಕರ ಸಂಖ್ಯೆಗೆ ಹೋಲಿಸಿದರೆ ಅಸಹಜವೇನಲ್ಲ. ನನ್ನ ದೃಷ್ಟಿಯಲ್ಲಿ ನಿಜವಾದ ಚೌಕಾಸಿ ನಡೆದದ್ದು ಸಂಖ್ಯೆಗಲ್ಲ, ಖಾತೆಗಳಿಗೆ: ಹಣಕಾಸು ಮುಖ್ಯಮಂತ್ರಿಯಾಗಿದ್ದ ಜೆಡಿಎಸ್‌ನ ಕುಮಾರಸ್ವಾಮಿಯವರ ಬಳಿ ಉಳಿಯಿತು, ಗೃಹ ಕಾಂಗ್ರೆಸ್‌ ಪಾಲಾಯಿತು.