ಸೋತ ಕಥೆಗಳ ಬೆನ್ನು ಹತ್ತಿದ ಒಲಿವೇರಾ

ಹಿಂದಿನ ಸಂಚಿಕೆಯಲ್ಲಿ ಪೋರ್ಚುಗಲ್‌ನ ನಿರ್ದೇಶಕ ಮನೋಯೆಲ್ ದೆ ಒಲಿವೇರಾ ಬಗ್ಗೆ ಒಂದೇ ಒಂದು ಸಾಲು ಬರೆದಿದ್ದೆ. ಅಷ್ಟಕ್ಕೇ ಇಷ್ಟೊಂದು ಪತ್ರ! ಮಂಗಳೂರು ಕಡೆಯವರಿಗೆ ಒಲಿವೇರಾ ಅನ್ನುವ ಹೆಸರು ಹೊಸದಲ್ಲ, ಅದಕ್ಕೂ ಇರಬಹುದು.

ಪ್ರಶ್ನೆ: ನಮ್ಮೂರಿಗೆ ಪೋರ್ಚುಗೀಸರು ನುಗ್ಗಿದ ಕಥೆಯನ್ನು ಚಿಕ್ಕಂದಿನಿಂದ ಕೇಳಿದ್ದೇವೆ. ಅವರು ತಮ್ಮ ಇತಿಹಾಸದ ಸಿನಿಮಾ ಮಾಡಿದರೆ ಬರೀ ಜಂಬವೇ ಇರುತ್ತದೆ ಅಲ್ವಾ?
– ಬಸ್ರೂರಿನ ಓದುಗರು

ಉತ್ತರ: ಈತನ ಸಿನಿಮಾದಲ್ಲಿ ಹಾಗಿಲ್ಲ. 1990ರ ‘ನೊನ್’ ನೋಡಿ. ಅದರ ಪೂರ್ತಿ ಹೆಸರಿನ ಅರ್ಥ ‘ಇಲ್ಲ, ಅಥವಾ ಆಳುವುದರ ಪೊಳ್ಳು ಹೆಮ್ಮೆ’. ಆಫ್ರಿಕಾದ ವಸಾಹತಿನ ಕಾಡುದಾರಿಯಲ್ಲಿ ಒಂದು ಮಿಲಿಟರಿ ಲಾರಿ. ಹಿಂದೆ ಕೂತ ಹುಡುಗರಿಗೆ ತಾವು ಇಲ್ಲಿ ಯಾಕೆ ಸಾಯಬೇಕು ಅನ್ನುವುದೇ ಗೊತ್ತಿಲ್ಲ. ಜೊತೆಗಿರುವ ಕಬ್ರಿತಾ ಅನ್ನುವ ಅಧಿಕಾರಿ ಇತಿಹಾಸ ಓದಿದವನು. ಹೊತ್ತು ಹೋಗಲೆಂದು ದೇಶದ ಕಥೆ ಶುರು ಮಾಡುತ್ತಾನೆ. ಹೇಳುವುದೆಲ್ಲ ಹೆಚ್ಚುಕಮ್ಮಿ ಸೋಲಿನ ಕಥೆ! ರೋಮನ್ನರ ಕಾಲದಲ್ಲಿ ತನ್ನವರೇ ಮೋಸದಿಂದ ಕೊಂದ ನಾಯಕ ವಿರಿಯಾತೊ. 1476ರ ತೋರೊ ಯುದ್ಧದಲ್ಲಿ ಎರಡೂ ಕೈ ಕಳೆದುಕೊಂಡು, ಬಾವುಟವನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದ ದುವಾರ್ತೆ ದೆ ಅಲ್ಮೇಯ್ದಾ. ಕೊನೆಗೆ 1578ರ ಅಲ್ಕಾಸರ್ ಕಿಬೀರ್ ಯುದ್ಧ. 24 ವರ್ಷದ ರಾಜ ಸೆಬಾಸ್ಟಿಯನ್ ಮೊರಾಕ್ಕೊದ ಮರಳಿಗೆ ಸೈನ್ಯ ಕರೆದುಕೊಂಡು ಹೋಗಿ, ತಾನೂ ಮುಳುಗಿ ದೇಶವನ್ನೂ ಮುಳುಗಿಸಿದ. ಎರಡೇ ವರ್ಷದಲ್ಲಿ ಪೋರ್ಚುಗಲ್ ಸ್ಪೇನ್ ರಾಜನ ಕೈಗೆ ಹೋಯಿತು. ಅಂದಹಾಗೆ, 1569ರಲ್ಲಿ ಗೋವಾದ ವೈಸರಾಯ್ ಹೊನ್ನಾವರ ಮತ್ತು ನಿಮ್ಮ ಬಸ್ರೂರಿನ ಮೇಲೆ ಬಿದ್ದಾಗ ಪೋರ್ಚುಗಲ್‌ನಲ್ಲಿ ರಾಜನಾಗಿದ್ದವನು ಇದೇ ಹುಡುಗ.

ಲಾರಿಯಲ್ಲಿರುವ ನಟರೇ ಹಳೇ ಯುದ್ಧಗಳಲ್ಲೂ ಬರುತ್ತಾರೆ. ಅದೇ ಮುಖ, ಬೇರೆ ಬೇರೆ ಕವಚ. ಕಬ್ರಿತಾ ಸಾಯುವ ದಿನ 1974ರ ಏಪ್ರಿಲ್ 25. ಅವತ್ತೇ ಲಿಸ್ಬನ್‌ನಲ್ಲಿ ಕ್ರಾಂತಿಯಾಗಿ ಸರ್ವಾಧಿಕಾರ ಬಿದ್ದುಹೋಯಿತು. ಆಫ್ರಿಕಾದ ಆ ವಸಾಹತು ಯುದ್ಧಕ್ಕೂ ಕೊನೆ ಬಂತು.

ನನ್ನದೊಂದು ತಕರಾರಿದೆ. ಎಲ್ಲರ ಸೋಲನ್ನೂ ನೇರವಾಗಿ ತೋರಿಸುವ ಒಲಿವೇರಾ, ವಾಸ್ಕೊ ಡ ಗಾಮನ ಸರದಿ ಬಂದಾಗ ಮೆತ್ತಗಾಗುತ್ತಾರೆ. ಗಾಮನ ಯಾನದ ಬಗ್ಗೆ ಕಾಮೊಯಿಂಶ್ ಕವಿ ಬರೆದ ಕಾವ್ಯದಿಂದ ಪ್ರೇಮದ್ವೀಪವನ್ನು ಎತ್ತಿ ತಂದು, ನಾವಿಕರನ್ನು ಅಪ್ಸರೆಯರ ನಡುವೆ ಬಿಡುತ್ತಾರೆ. 1502ರಲ್ಲಿ ಹಜ್ ಮುಗಿಸಿ ಬರುತ್ತಿದ್ದವರ ಹಡಗನ್ನು ಇದೇ ಗಾಮ ಮಲಬಾರಿನ ಸಮುದ್ರದಲ್ಲಿ ಸುಟ್ಟಿದ್ದು ಎಲ್ಲಿ ಹೋಯಿತು? ಈ ದಡದಲ್ಲಿ ಕೂತು ನೋಡುವವರಿಗೆ ಆ ಅಪ್ಸರೆಯರು ಅಷ್ಟು ಸುಲಭವಾಗಿ ಇಳಿಯುವುದಿಲ್ಲ.

ಪ್ರಶ್ನೆ: ನೂರು ದಾಟಿದ ಮೇಲೂ ಸಿನಿಮಾ ಮಾಡಿದರಂತೆ. ನಿಜವಾ, ಅಥವಾ ಸುಮ್ನೆ ಹೇಳುವುದಾ?
– ದಾವಣಗೆರೆಯಿಂದ ಒಬ್ಬ ವಿದ್ಯಾರ್ಥಿನಿ

ಉತ್ತರ: ನಿಜ. ಪೋರ್ತೊ ನಗರದಲ್ಲಿ 1908ರಲ್ಲಿ ಹುಟ್ಟಿ, 2015ರಲ್ಲಿ 106ನೇ ವಯಸ್ಸಿನಲ್ಲಿ ತೀರಿಕೊಂಡರು. ತಂದೆ ವಿದ್ಯುತ್ ಬಲ್ಬಿನ ಕಾರ್ಖಾನೆ ಇಟ್ಟಿದ್ದ ಶ್ರೀಮಂತ. ಮಗನಿಗೆ ಕಾರ್ ರೇಸ್ ಹುಚ್ಚು. ಮೊದಲ ಚಿತ್ರ 1931ರದ್ದು, ದೋರು ನದಿಯ ದಡದ ದುಡಿಮೆಯ ಬಗ್ಗೆ ಒಂದು ಮೂಕಿ ಸಾಕ್ಷ್ಯಚಿತ್ರ. 1942ರಲ್ಲಿ ಪೋರ್ತೊದ ಬೀದಿ ಮಕ್ಕಳ ಕಥೆ ‘ಅನಿಕಿ ಬೊಬೊ’ ಬಂತು, ಓಡಲಿಲ್ಲ. ಮುಂದಿನ ದೊಡ್ಡ ಚಿತ್ರಕ್ಕೆ 1963ರ ತನಕ ಕಾಯಬೇಕಾಯಿತು. ಅಷ್ಟು ವರ್ಷ ಮನೆಯ ವ್ಯವಹಾರ, ದ್ರಾಕ್ಷಿ ತೋಟ ನೋಡಿಕೊಂಡರು. ಸರ್ವಾಧಿಕಾರಿ ಸಲಾಜಾರ್ ಆಡಳಿತಕ್ಕೆ ಇವರನ್ನು ಕಂಡರೆ ಆಗುತ್ತಿರಲಿಲ್ಲ. 1963ರಲ್ಲಿ ಗುಪ್ತ ಪೊಲೀಸರು ಸ್ವಲ್ಪ ದಿನ ಜೈಲಿಗೂ ಹಾಕಿದರು. ತಮಾಷೆ ನೋಡಿ, ಆ ಆಡಳಿತ ಉರುಳಿದ ಮೇಲೆ ಕ್ರಾಂತಿಯ ಗದ್ದಲದಲ್ಲಿ ಮನೆತನದ ಕಾರ್ಖಾನೆಯೂ ಕೈತಪ್ಪಿತು, ಸಾಲಕ್ಕೆ ಮನೆಯನ್ನೂ ಮಾರಿದರು.

ಬೇರೆಯವರು ಪಿಂಚಣಿ ಎಣಿಸುವ ವಯಸ್ಸಿನಲ್ಲಿ ಇವರಿಗೆ ನಿಜವಾದ ಕೆಲಸ ಶುರುವಾಯಿತು. 1990ರಿಂದ ಹೆಚ್ಚುಕಮ್ಮಿ ವರ್ಷಕ್ಕೊಂದು ಚಿತ್ರ. 1950ರ ದಶಕದಲ್ಲಿ ಬರೆದಿಟ್ಟಿದ್ದ ‘ಆಂಜೆಲಿಕಾ’ದ ಚಿತ್ರಕಥೆ ತೆರೆಗೆ ಬಂದದ್ದು 2010ರಲ್ಲಿ. ಆಗ ಅವರಿಗೆ 101!

ಪ್ರಶ್ನೆ: ಇವರ ಒಂದು ಚಿತ್ರ ನೋಡಿದೆ. ರಾಜ ರಾತ್ರಿಯೆಲ್ಲ ಕೋಣೆಯಲ್ಲಿ ಮಾತಾಡ್ತಾನೆ, ಅಷ್ಟೇ. ಕುದುರೆ ಇಲ್ಲ, ಕತ್ತಿ ಇಲ್ಲ. ಇದೂ ಐತಿಹಾಸಿಕ ಚಿತ್ರವಾ ಸಾರ್?
– ಹಾಸನದಿಂದ ಒಬ್ಬರು, ಸ್ವಲ್ಪ ಕೋಪದಲ್ಲಿ

ಉತ್ತರ: ನೀವು ನೋಡಿದ್ದು 2004ರ ‘ಐದನೇ ಸಾಮ್ರಾಜ್ಯ’. ಆ ರಾಜನೂ ಸೆಬಾಸ್ಟಿಯನ್ನನೇ, ಪಾತ್ರ ಮಾಡಿದ್ದು ನಿರ್ದೇಶಕರ ಮೊಮ್ಮಗ ರಿಕಾರ್ದೊ ತ್ರೇಪಾ. ಜೋಸೆ ರೇಜಿಯೊ ಅವರ ನಾಟಕದಿಂದ ಮಾಡಿದ ಚಿತ್ರ. ಯುದ್ಧವನ್ನು ‘ನೊನ್’ನಲ್ಲಿ ಆಗಲೇ ತೋರಿಸಿದ್ದರು. ಮತ್ತೆ ತೋರಿಸಿ ಏನು ಮಾಡುವುದು? ಈ ಸಲ ಅವರಿಗೆ ಬೇಕಿದ್ದದ್ದು ಯುದ್ಧಕ್ಕೆ ಮುಂಚಿನ ಹೊತ್ತು. ಬೇಡ ಬೇಡ ಅಂತ ಹೇಳುವವರು ಇರುತ್ತಾರೆ, ಕೇಳಿಸಿಕೊಳ್ಳದ ಒಬ್ಬ ಹುಡುಗನ ಕೈಯಲ್ಲಿ ಅಧಿಕಾರ ಇರುತ್ತದೆ. ನನಗಂತೂ ಕತ್ತಿ ಬೀಸುವುದಕ್ಕಿಂತ ಅದೇ ಜಾಸ್ತಿ ಭಯ ಹುಟ್ಟಿಸಿತು.

ಆದರೂ ನಿಮ್ಮ ಕೋಪ ಪೂರ್ತಿ ತಪ್ಪಲ್ಲ. ಅಲ್ಲಾಡದ ಕ್ಯಾಮೆರಾ, ನಮ್ಮ ಕಡೆ ತಿರುಗಿ ಒಪ್ಪಿಸುವ ನಟರು, ಇದಕ್ಕೆಲ್ಲ ತಾಳ್ಮೆ ಬೇಕು. 1985ರ ‘ಸ್ಯಾಟಿನ್ ಚಪ್ಪಲಿ’ ಹತ್ತಿರ ಹತ್ತಿರ ಏಳು ಗಂಟೆ ಉದ್ದ. ಅದನ್ನು ಒಂದೇ ಕೂತಿಗೆ ನೋಡಿ ಅಂತ ಯಾರಿಗೂ ಹೇಳಲಾರೆ. ಆದರೆ 17ನೇ ಶತಮಾನದ ಪಾದ್ರಿ ಆಂತೊನಿಯೊ ವಿಯೇರಾ ಬಗ್ಗೆ 2000ದಲ್ಲಿ ಮಾಡಿದ ಚಿತ್ರದಲ್ಲಿ ಇದೇ ಮಾತಿನ ರೀತಿ ಗೆಲ್ಲುತ್ತದೆ. ಬ್ರೆಜಿಲ್‌ನ ಮೂಲನಿವಾಸಿಗಳ ಪರ ನಿಂತು, ಚರ್ಚಿನ ಧರ್ಮವಿಚಾರಣೆಯ ಕಟಕಟೆ ಹತ್ತಿದ ಆ ಮನುಷ್ಯನ ಆಯುಧವೇ ಪ್ರವಚನ. ಬೇರೆ ಏನು ತೋರಿಸಬೇಕಿತ್ತು?

ಪ್ರಶ್ನೆ: ಇವರ ಚಿತ್ರಗಳಲ್ಲಿ ಭಾರತ ಬರುತ್ತದೆಯೇ?
– ಪುಣೆಯಿಂದ ಒಬ್ಬ ಕನ್ನಡಿಗರು

ಉತ್ತರ: ಬರಬೇಕಿತ್ತು. 2003ರ ‘ಮಾತಿನ ಚಿತ್ರ’ದಲ್ಲಿ ಲಿಸ್ಬನ್‌ನ ಇತಿಹಾಸ ಪ್ರಾಧ್ಯಾಪಕಿಯೊಬ್ಬಳು ಪುಟ್ಟ ಮಗಳ ಜೊತೆ ಹಡಗು ಹತ್ತುತ್ತಾಳೆ. ಪೈಲಟ್ ಗಂಡ ಸಿಗುವುದು ಮುಂಬೈಯಲ್ಲಿ. ದಾರಿಯಲ್ಲಿ ಪೊಂಪೆ, ಅಥೆನ್ಸ್, ಇಸ್ತಾಂಬುಲ್, ಈಜಿಪ್ಟ್. ಮಗಳು ಕೇಳುತ್ತಾಳೆ, ತಾಯಿ ಹೇಳುತ್ತಾಳೆ. ಊಟದ ಮೇಜಿನ ಸುತ್ತ ನಾಲ್ಕು ದೇಶದವರು ನಾಲ್ಕು ಭಾಷೆಯಲ್ಲಿ ಮಾತಾಡುತ್ತಾರೆ, ಎಲ್ಲರಿಗೂ ಎಲ್ಲವೂ ಅರ್ಥವಾಗುತ್ತದೆ. ಕಾಲ 2001ರ ಜುಲೈ. ಏಡನ್ ದಾಟಿದ ಮೇಲೆ ಏನಾಗುತ್ತದೆ ಅಂತ ನಾನು ಬರೆಯುವುದಿಲ್ಲ, ಬರೆದರೆ ನೀವೇ ಬೈಯುತ್ತೀರಿ.

ಪ್ರಶ್ನೆ: ಕೊನೆಯ ಚಿತ್ರ ಯಾವುದು?
– ಅದೇ ದಾವಣಗೆರೆಯ ವಿದ್ಯಾರ್ಥಿನಿ

ಉತ್ತರ: ಸಾಮಾನ್ಯವಾಗಿ ಹೇಳುವುದು 2014ರ ಕಿರುಚಿತ್ರ ‘ರೆಸ್ತೆಲೊದ ಮುದುಕ’ದ ಹೆಸರು. ಕಾಮೊಯಿಂಶ್ ಕಾವ್ಯದಲ್ಲಿ ಗಾಮನ ಹಡಗುಗಳು ಹೊರಟಾಗ, ದಡದಲ್ಲಿ ನಿಂತು ದುರಾಸೆಗೆ ಶಾಪ ಹಾಕುವ ಮುದುಕ ಇವನು. ‘ನೊನ್’ ಚಿತ್ರದ ಹೆಸರಿನಲ್ಲಿರುವ ಪೊಳ್ಳು ಹೆಮ್ಮೆಯ ಮಾತೂ ಇವನ ಬಾಯಿಂದಲೇ ಬಂದದ್ದು. ಕಿರುಚಿತ್ರದಲ್ಲಿ ಕಾಮೊಯಿಂಶ್, ಕಾದಂಬರಿಯ ಪಾತ್ರ ಡಾನ್ ಕಿಹೋಟೆ, ಇನ್ನಿಬ್ಬರು ಸಾಹಿತಿಗಳು ಪಾರ್ಕಿನ ಬೆಂಚಿನ ಮೇಲೆ ಕೂತು ಹರಟುತ್ತಾರೆ. ಹಾಸನದವರು ಇದರಿಂದಲೇ ಶುರು ಮಾಡಬಹುದು, ಇಪ್ಪತ್ತು ನಿಮಿಷದ ಆಸುಪಾಸಿನಲ್ಲಿ ಮುಗಿಯುತ್ತದೆ.