ಬೇಕಿಂಗ್ ಪ್ರಶ್ನೋತ್ತರ: ಹಣ್ಣು ತುಂಬಿದ ಸ್ಕೋನ್

ಮಾವಿನ ಕಾಲ ಬಂತೆಂದರೆ ಈ ಅಂಕಣಕ್ಕೆ ಬರುವ ಪ್ರಶ್ನೆಗಳೂ ಹಣ್ಣಿನ ಕಡೆ ವಾಲುತ್ತವೆ. ಈ ಸಲ ಹೆಚ್ಚಿನವರು ಕೇಳಿರುವುದು ಸ್ಕೋನ್ ಬಗ್ಗೆ. ಗೊತ್ತಿಲ್ಲದವರಿಗೆ ಒಂದು ಮಾತು: ಸ್ಕೋನ್ ಬ್ರಿಟನ್ನಿನವರ ಸಂಜೆ ಚಹಾದ ತಿಂಡಿ. ಕೇಕಿಗಿಂತ ಗಟ್ಟಿ, ಬಿಸ್ಕತ್ತಿಗಿಂತ ಮೆತ್ತಗೆ. ಯೀಸ್ಟ್ ಇಲ್ಲ, ಹುದುಗಿಸುವ ಕಾಯುವಿಕೆ ಇಲ್ಲ. ಹಿಟ್ಟು ಕಲಸಿದ ಒಂದು ಗಂಟೆಯೊಳಗೆ ತಟ್ಟೆಗೆ ಬರುತ್ತದೆ.

ಮಾವಿನಹಣ್ಣು ತುಂಬಿ ಸ್ಕೋನ್ ಮಾಡಿದೆ. ರಸವೆಲ್ಲ ಹೊರಗೆ ಹರಿದು ಟ್ರೇಗೆ ಅಂಟಿತು. ಮೇಲೆ ಕೆಂಪಗೆ ಬೆಂದಿತ್ತು, ಅಡಿ ಮಾತ್ರ ಹಸಿಹಿಟ್ಟು. ಎಲ್ಲಿ ತಪ್ಪಿದೆ? ಅಳತೆಯನ್ನೂ ಕೊಡಿ. (ಮಲ್ಲೇಶ್ವರ)

ಹೂರಣ ನೀರಾದರೆ ಹೋಳಿಗೆಗೆ ಏನಾಗುತ್ತದೋ ಅದೇ ಇಲ್ಲೂ ಆಗಿದೆ. ಮಾವಿನ ತಿರುಳಿನಲ್ಲಿ ನೂರಕ್ಕೆ ಎಂಬತ್ತು ಪಾಲು ನೀರೇ. ಸಕ್ಕರೆ ಬಿದ್ದ ಕೂಡಲೇ ಅದು ಹೊರಗೆ ಬರಲು ಶುರು. ಓವನ್ನಿನಲ್ಲಿ ಅದು ಕುದಿದು ಕೆಳಗಿನ ಪದರವನ್ನು ನೆನೆಸುತ್ತದೆ. ಒದ್ದೆ ಇರುವವರೆಗೆ ಆ ಪದರದ ಬಿಸಿ 100 ಡಿಗ್ರಿ ದಾಟುವುದಿಲ್ಲ, ದಾಟದೆ ಅದು ಗರಿಯಾಗುವುದೂ ಇಲ್ಲ. ಮೇಲ್ಭಾಗ ಅಷ್ಟರಲ್ಲಿ ಕೆಂಪಾಗಿಬಿಡುತ್ತದೆ, ನೀವು ಬೆಂದಿದೆ ಅಂತ ತೆಗೆಯುತ್ತೀರಿ.

ಹಸಿ ಹಣ್ಣು ತುಂಬಬೇಡಿ. 300 ಗ್ರಾಂ ಹೆಚ್ಚಿದ ಮಾವಿನಹಣ್ಣಿಗೆ 40 ಗ್ರಾಂ ಸಕ್ಕರೆ, ಒಂದು ಟೀ ಚಮಚ ನಿಂಬೆರಸ ಹಾಕಿ ಅಗಲವಾದ ಬಾಣಲೆಯಲ್ಲಿ ಮಧ್ಯಮ ಉರಿಯಲ್ಲಿ ಬಾಡಿಸಿ. ಒಟ್ಟು ತೂಕ 150 ಗ್ರಾಮಿಗೆ ಇಳಿಯಬೇಕು. ತೂಕದ ಯಂತ್ರವಿಲ್ಲದಿದ್ದರೆ ಸೌಟಿನಿಂದ ಬಾಣಲೆಯ ತಳದಲ್ಲಿ ಗೆರೆ ಎಳೆಯಿರಿ. ಆ ದಾರಿ ಮೂರು ಸೆಕೆಂಡು ಹಾಗೇ ಉಳಿದರೆ ಸಾಕು. ಇನ್ನೂ ಅನುಮಾನವಿದ್ದರೆ ಸ್ಟೀಲ್ ತಟ್ಟೆ ಮೇಲೆ ಒಂದು ಚುಕ್ಕೆ ಹಾಕಿ ಓರೆ ಹಿಡಿಯಿರಿ, ಅದು ಹರಿಯದೆ ಕೂತಿರಬೇಕು. ಆಮೇಲೆ ಪೂರ್ತಿ ತಣಿಸಿ, ಫ್ರಿಜ್ಜಿನಲ್ಲಿಡಿ. ಬೆಚ್ಚಗಿನ ಹೂರಣ ತುಂಬಿದರೆ ಹಿಟ್ಟಿನೊಳಗಿನ ಬೆಣ್ಣೆ ಅಲ್ಲೇ ಕರಗುತ್ತದೆ. ತಾಳ್ಮೆ ಕೆಡುವುದು ಸಾಮಾನ್ಯವಾಗಿ ಈ ಹಂತದಲ್ಲೇ.

ಹಿಟ್ಟಿನ ಲೆಕ್ಕ, 8 ತುಂಡಿಗೆ: ಮೈದಾ 250 ಗ್ರಾಂ, ಬೇಕಿಂಗ್ ಪೌಡರ್ ಎರಡೂವರೆ ಟೀ ಚಮಚ (ಸುಮಾರು 10 ಗ್ರಾಂ), ಸಕ್ಕರೆ 35 ಗ್ರಾಂ, ಉಪ್ಪು ಕಾಲು ಚಮಚ, ಫ್ರಿಜ್ಜಿನಿಂದ ಆಗಷ್ಟೇ ತೆಗೆದ ಬೆಣ್ಣೆ 70 ಗ್ರಾಂ, ತಣ್ಣನೆಯ ಹಾಲು 115ರಿಂದ 120 ಮಿ.ಲೀ. ಅಂಗಡಿಯ ಉಪ್ಪುಬೆಣ್ಣೆಯಾದರೆ ಬೇರೆ ಉಪ್ಪು ಬೇಡ. ಮನೆಯಲ್ಲಿ ಕಡೆದ ಬೆಣ್ಣೆಯಾದರೆ ಮಜ್ಜಿಗೆಯ ನೀರನ್ನು ಚೆನ್ನಾಗಿ ಹಿಂಡಿ ಗಟ್ಟಿ ಮಾಡಿಕೊಳ್ಳಿ, ಹಾಲನ್ನೂ ಒಂದು ದೊಡ್ಡ ಚಮಚ ಕಡಿಮೆ ಮಾಡಿ.

ಒಣ ಸಾಮಾನುಗಳನ್ನು ಜರಡಿ ಹಿಡಿದು, ಬೆಣ್ಣೆಯನ್ನು ಬೆರಳ ತುದಿಯಲ್ಲಿ ಉಜ್ಜಿ. ಮಿಶ್ರಣ ದಪ್ಪ ರವೆಯಂತಾಗಲಿ, ನಡುವೆ ಅಲ್ಲಲ್ಲಿ ಬಟಾಣಿ ಗಾತ್ರದ ಬೆಣ್ಣೆ ಉಳಿದಿರಲಿ. ಹಾಲನ್ನೆಲ್ಲ ಒಂದೇ ಸಲ ಸುರಿದು, ಚಾಕುವಿನಿಂದ ಕಲಕಿ ಒಟ್ಟುಗೂಡಿಸಿ. ಎರಡು ಪಾಲು ಮಾಡಿ, ಪ್ರತಿಯೊಂದನ್ನೂ 18 ಸೆಂ.ಮೀ. ಅಗಲಕ್ಕೆ ತಟ್ಟಿ, ದಪ್ಪ ಒಂದು ಸೆಂ.ಮೀ.ಗೆ ಚೂರು ಕಡಿಮೆ ಬರುತ್ತದೆ. ಕೆಳಗಿನ ಬಿಲ್ಲೆಯ ಮೇಲೆ ಒಂದು ಟೀ ಚಮಚ ಚಿರೋಟಿ ರವೆ ಉದುರಿಸಿ. ಬಿಡುವ ತೇವವನ್ನು ರವೆ ಹೀರಿಕೊಳ್ಳುತ್ತದೆ, ಬಾಯಿಗೆ ಗೊತ್ತೂ ಆಗುವುದಿಲ್ಲ. ಅಂಚಿನಲ್ಲಿ ಎರಡು ಸೆಂ.ಮೀ. ಬಿಟ್ಟು ಹೂರಣ ಹರಡಿ, ಇನ್ನೊಂದು ಬಿಲ್ಲೆ ಮುಚ್ಚಿ ಅಂಚನ್ನು ಒತ್ತಿ. 20 ನಿಮಿಷ ಫ್ರಿಜ್ಜಿನಲ್ಲಿಟ್ಟ ಮೇಲೆಯೇ ಪಿಜ್ಜಾ ಕತ್ತರಿಸುವ ಹಾಗೆ ಎಂಟು ಮಾಡಿ. ಚಾಕು ನೇರವಾಗಿ ಕೆಳಗಿಳಿಯಲಿ, ಗರಗಸದ ಹಾಗೆ ಎಳೆಯಬೇಡಿ. ಕತ್ತರಿಸಿದ ಬದಿಯಲ್ಲಿ ಹೂರಣ ಕಾಣುತ್ತದಲ್ಲ ಎಂದು ಹೆದರಬೇಡಿ. ಗಟ್ಟಿ ಹೂರಣ ಹೊರಗೆ ಓಡುವುದಿಲ್ಲ.

ಓವನ್ 200 ಡಿಗ್ರಿಗೆ ಕಾದಿರಲಿ, ಟ್ರೇ ಕೂಡ ಒಳಗೇ ಕಾಯಲಿ. ಬೇಕಿಂಗ್ ಹಾಳೆಯ ಮೇಲೆ ತುಂಡುಗಳನ್ನು ಮೂರು ಸೆಂ.ಮೀ. ಅಂತರದಲ್ಲಿ ಜೋಡಿಸಿ, ಹಾಳೆ ಸಮೇತ ಬಿಸಿ ಟ್ರೇ ಮೇಲೆ ಜಾರಿಸಿ. ಕೆಳಗಿನಿಂದ ಎರಡನೇ ಅಂತಸ್ತಿನಲ್ಲಿ 20ರಿಂದ 22 ನಿಮಿಷ. ಒಂದನ್ನು ಎತ್ತಿ ಅಡಿ ನೋಡಿ. ಅಡಿ ಕೆಂಪಾಗಿದ್ದರೆ ಮಾತ್ರ ಹೊರಗೆ ತೆಗೆಯಿರಿ. ತೆಗೆದ ಮೇಲೆ ಜಾಲರಿ ಮೇಲೆ ಆರಬೇಕು. ಡಬ್ಬಕ್ಕೆ ಬಿಸಿಯಾಗಿ ಹಾಕಿದರೆ ಹಬೆಯೇ ಅಡಿಯನ್ನು ಮತ್ತೆ ಮೆತ್ತಗೆ ಮಾಡುತ್ತದೆ.

ನನ್ನ ಸ್ಕೋನ್ ಉಬ್ಬುವುದೇ ಇಲ್ಲ. ನಿಪ್ಪಟ್ಟಿನ ಹಾಗೆ ಗಟ್ಟಿ. ಹಿಟ್ಟನ್ನು ಚೆನ್ನಾಗಿ ನಾದಿಯೇ ಮಾಡಿದ್ದೆ. (ವಿಜಯನಗರ)

ಆ ‘ಚೆನ್ನಾಗಿ ನಾದಿ’ ಅನ್ನುವುದೇ ಕಾರಣ. ಹೋಳಿಗೆಯ ಕಣಕವನ್ನು ಎಣ್ಣೆ ಹಾಕಿ ಹದವಾಗಿ ನಾದುವುದು ಅದು ಹರಿಯದೆ ತೆಳ್ಳಗೆ ಹಿಗ್ಗಲಿ ಎಂದು. ನಾದಿದಷ್ಟೂ ಮೈದಾದ ಗ್ಲುಟನ್ ರಬ್ಬರಿನ ಹಾಗೆ ಬಿಗಿಯುತ್ತದೆ. ಸ್ಕೋನಿಗೆ ಬೇಕಾದದ್ದು ಇದಕ್ಕೆ ತದ್ವಿರುದ್ಧ. ಒಟ್ಟುಗೂಡಿದ ಹಿಟ್ಟು ಒರಟಾಗಿ, ಅಲ್ಲಲ್ಲಿ ಬಿರುಕು ಬಿಟ್ಟಂತೆ ಕಾಣಬೇಕು. ಹತ್ತು ಸಲ ಮಡಚಿ ಒತ್ತಿದರೆ ಸಾಕು. ಚಪಾತಿ ಹಿಟ್ಟಿನ ಹಾಗೆ ನುಣ್ಣಗಾಯಿತೋ, ಆ ಹಿಟ್ಟಿನಲ್ಲಿ ಬೇರೇನಾದರೂ ಮಾಡಿಕೊಳ್ಳಿ.

ಎರಡನೆಯದು ಬೆಣ್ಣೆ. ಬೆಣ್ಣೆಯ ಚೂರುಗಳು ಓವನ್ನಿಗೆ ಹೋಗುವವರೆಗೂ ಗಟ್ಟಿಯಾಗಿರಬೇಕು. ಒಳಗೆ ಕರಗಿ, ಅದರ ನೀರು ಹಬೆಯಾದಾಗ ಪದರ ಬಿಡುತ್ತದೆ. ಏಪ್ರಿಲಿನಲ್ಲಿ ಬೆಂಗಳೂರಿನ ಅಡುಗೆಮನೆ ಮಧ್ಯಾಹ್ನ 33-34 ಡಿಗ್ರಿ ಮುಟ್ಟುತ್ತದೆ, ಬೆಣ್ಣೆ ಕರಗುವುದೂ ಹೆಚ್ಚುಕಡಿಮೆ ಅಷ್ಟಕ್ಕೇ. ಬೆಳಿಗ್ಗೆ ಏಳರೊಳಗೆ ಕಲಸಿ. ಇಲ್ಲವೇ ಬೆಣ್ಣೆಯನ್ನು ಫ್ರೀಜರಿನಲ್ಲಿಟ್ಟು ಕೊಬ್ಬರಿ ತುರಿಯುವ ಮಣೆಯಲ್ಲಿ ನೇರ ಮೈದಾ ಮೇಲೆ ತುರಿಯಿರಿ. ಬೆರಳು ಕಡಿಮೆ ಸೋಕುತ್ತದೆ, ಕೆಲಸವೂ ಬೇಗ.

ಲೋಟದಿಂದ ಕತ್ತರಿಸುವವರು ಲೋಟವನ್ನು ತಿರುಚಬೇಡಿ. ತಿರುಚಿದರೆ ಅಂಚು ಮುಚ್ಚಿಕೊಂಡು ಒಂದೇ ಕಡೆ ವಾಲಿ ಉಬ್ಬುತ್ತದೆ. ಮೇಲೆ ಸವರುವ ಹಾಲು ಬದಿಗೆ ಇಳಿದರೂ ಇದೇ ತೊಂದರೆ. ಕೊನೆಗೆ ಬೇಕಿಂಗ್ ಪೌಡರ್: ಮಳೆಗಾಲದಲ್ಲಿ ತೆರೆದಿಟ್ಟ ಡಬ್ಬ ಬೇಗ ಸಾಯುತ್ತದೆ. ಅರ್ಧ ಲೋಟ ಬಿಸಿನೀರಿಗೆ ಒಂದು ಟೀ ಚಮಚ ಹಾಕಿ. ಭರ್‍ರನೆ ನೊರೆಯೆದ್ದರೆ ಜೀವವಿದೆ, ಸುಮ್ಮನೆ ನಾಲ್ಕು ಗುಳ್ಳೆ ಬಂದರೆ ಬಿಸಾಡಿ.

ವಿದೇಶಿ ರೆಸಿಪಿಗಳಲ್ಲಿ ‘ಎತ್ತರದ ಊರಿನವರು ಅಳತೆ ಬದಲಿಸಿ’ ಎಂದಿರುತ್ತದೆ. ಬೆಂಗಳೂರಿಗೆ ಇದು ಅನ್ವಯಿಸುತ್ತದೆಯೇ? ಸೆಲ್ಫ್ ರೈಸಿಂಗ್ ಫ್ಲೋರ್ ಎಲ್ಲಿ ಸಿಗುತ್ತದೆ? (ರಾಜಾಜಿನಗರ)

ಆ ಸೂಚನೆ ಸಾಮಾನ್ಯವಾಗಿ 3000 ಅಡಿಗಿಂತ ಮೇಲಿನ ಊರುಗಳಿಗೆ. ನಮ್ಮ ಊರು ಸರಿಯಾಗಿ ಆ ಗೆರೆಯ ಮೇಲೇ ಕೂತಿದೆ, ಸಮುದ್ರಮಟ್ಟದಿಂದ ಸುಮಾರು 920 ಮೀಟರ್. ಇಲ್ಲಿ ನೀರು 97 ಡಿಗ್ರಿಗೇ ಕುದಿಯುತ್ತದೆ. ಕೇಕಿನಲ್ಲಿ ಒಂದಿಷ್ಟು ವ್ಯತ್ಯಾಸ ಕಾಣಬಹುದು, ಸ್ಕೋನಿಗೆ ಏನೂ ಬದಲಿಸಬೇಕಾಗಿಲ್ಲ. ಉಬ್ಬದ ಸ್ಕೋನಿಗೆ ಎತ್ತರವನ್ನು ದೂರಬೇಡಿ. ಸೆಲ್ಫ್ ರೈಸಿಂಗ್ ಫ್ಲೋರ್ ಹುಡುಕಿಕೊಂಡು ಅಲೆಯಬೇಡಿ: 150 ಗ್ರಾಂ ಮೈದಾಗೆ ಎರಡು ಟೀ ಚಮಚ ಬೇಕಿಂಗ್ ಪೌಡರ್ ಸೇರಿಸಿ ಎರಡು ಸಲ ಜರಡಿ ಹಿಡಿದರೆ ಅದೇ.

ನಮ್ಮಲ್ಲಿ ಸಿಗುವ ಯಾವ ಹಣ್ಣುಗಳು ಒಳ್ಳೆಯವು? ಬ್ಲೂಬೆರಿ ಕೊಳ್ಳುವಷ್ಟು ಬಜೆಟ್ ಇಲ್ಲ! (ಬಸವನಗುಡಿ)

ಗಾಂಧಿಬಜಾರ್ ಪಕ್ಕದಲ್ಲೇ ಇರುವವರು ಬ್ಲೂಬೆರಿ ಯೋಚನೆ ಮಾಡುವುದೇ ದಂಡ. ಮಾವಿನಲ್ಲಿ ಮೊದಲ ಆಯ್ಕೆ ಬಾದಾಮಿ, ತಿರುಳು ದಪ್ಪ. ತೋತಾಪುರಿ ಹುಳಿಸಿಹಿಯಾಗಿ, ಬೆಂದರೂ ಹೋಳು ಹೋಳಾಗಿ ಉಳಿಯುತ್ತದೆ, ಬೆಲೆಯೂ ಕಡಿಮೆ. ರಸಪುರಿ ಹೆಸರಿಗೆ ತಕ್ಕ ಹಾಗೆ ಬರೀ ರಸ, ಅದನ್ನು ಸೀಕರಣೆಗೆ ಇಟ್ಟುಕೊಳ್ಳಿ.

ಹಲಸಿನ ತೊಳೆಯಲ್ಲಿ ನೀರು ಕಡಿಮೆ, ಹೂರಣಕ್ಕೆ ಹೇಳಿ ಮಾಡಿಸಿದ್ದು. ಸಣ್ಣಗೆ ಹೆಚ್ಚಿದ 150 ಗ್ರಾಂ ತೊಳೆಗೆ ಎರಡು ಚಮಚ ಬೆಲ್ಲ, ಒಂದು ಚಮಚ ತುಪ್ಪ, ಏಲಕ್ಕಿ. ಹತ್ತು ನಿಮಿಷ ಬಾಡಿಸಿದರೆ ಮುಗಿಯಿತು. ನಮ್ಮ ಮತ ಇದಕ್ಕೇ.

ಅನಾನಸನ್ನು ಹಸಿಯಾಗಿ ಹಾಕಲೇಬೇಡಿ. ಅದರ ಬ್ರೋಮೆಲಿನ್ ಎಂಬ ಕಿಣ್ವ ಹಾಲಿನ ಪ್ರೋಟೀನನ್ನು ಮುರಿದು ಕಹಿ ಬರಿಸುತ್ತದೆ. ಗೊಜ್ಜಿಗೆ ಬೇಯಿಸುವ ಹಾಗೆ ಮೊದಲೇ ಬೇಯಿಸಿದರೆ ಕಿಣ್ವ ಕೆಲಸ ಮಾಡುವುದಿಲ್ಲ. ಬೆಂಗಳೂರು ನೀಲಿ ದ್ರಾಕ್ಷಿಯ ಬೀಜ, ಸಿಪ್ಪೆ ಎರಡೂ ಕಾಟ. ಕುದಿಸಿ, ಸೋಸಿ, ಆ ತಿರುಳನ್ನು ಜಾಮ್ ಹದಕ್ಕೆ ತರಬೇಕು. ಪರಿಮಳಕ್ಕೆ ಮಾತ್ರ ಸಾಟಿಯಿಲ್ಲ. ಸೀಬೆಯನ್ನೂ ಹೀಗೇ ಸೋಸಿಕೊಳ್ಳಿ. ಏಲಕ್ಕಿ ಬಾಳೆಯನ್ನು ಕಿವುಚಿದರೆ ಅಂಟಾಗುತ್ತದೆ, ಬಿಲ್ಲೆ ಮಾಡಿ ತುಪ್ಪದಲ್ಲಿ ಎರಡೂ ಕಡೆ ಕೆಂಪಗೆ ಮಾಡಿ ಇಡಿ.

ಸೀತಾಫಲವನ್ನು ತುಂಬಿ ಬೇಯಿಸಬೇಡಿ, ಬಿಸಿ ತಾಗಿದರೆ ಅದರ ತಿರುಳು ಕಹಿಯಾಗುತ್ತದೆ. ಸಾದಾ ಸ್ಕೋನ್ ಮಾಡಿ, ಬೀಜ ತೆಗೆದ ತಿರುಳನ್ನು ಕೆನೆಯ ಜೊತೆ ಕಲಸಿ ಮೇಲೆ ಹಾಕಿಕೊಳ್ಳಿ. ಕಲ್ಲಂಗಡಿ, ಕರಬೂಜ ಹಾಗೇ ತಿನ್ನಿ.

ಹಣ್ಣು ಸಿಗದ ದಿನ ದಿಲ್‌ಪಸಂದ್ ನೆನಪಿಸಿಕೊಳ್ಳಿ: ಕಾಯಿತುರಿ, ಸಕ್ಕರೆ, ಟುಟಿಫ್ರುಟಿ. ಅಯ್ಯಂಗಾರ್ ಬೇಕರಿಯ ಆ ಹೂರಣ ಸ್ಕೋನಿನೊಳಗೂ ಚೆಂದವಾಗಿ ಕೂರುತ್ತದೆ. ಕಾಯಿತುರಿಯನ್ನು ಮಾತ್ರ ಬಾಣಲೆಯಲ್ಲಿ ಪಸೆ ಆರುವವರೆಗೆ ಹುರಿದುಕೊಳ್ಳಿ.

ನೇರಳೆಹಣ್ಣು ತುಂಬಿದ ಸ್ಕೋನ್ ಒಳಗೆ ಬೂದು ಹಸಿರಾಗಿತ್ತು. ಕೆಟ್ಟಿದೆ ಅಂತ ಎಸೆದೆ. (ಯಶವಂತಪುರ)

ಎಸೆಯಬೇಕಿರಲಿಲ್ಲ. ನೀವು ಅಡುಗೆಸೋಡಾ ಹಾಕಿರಬೇಕು. ಆರತಿಯ ಓಕುಳಿಗೆ ಅರಿಶಿನದ ನೀರಿಗೆ ಸುಣ್ಣ ಬಿದ್ದ ಕೂಡಲೇ ಕೆಂಪಾಗುತ್ತದಲ್ಲ, ಅಂಥದ್ದೇ ಆಟ. ನೇರಳೆಯ ಬಣ್ಣ ಹುಳಿಯಲ್ಲಿ ಕೆಂಪು, ಕ್ಷಾರದಲ್ಲಿ ನೀಲಿ ಹಸಿರು. ಸೋಡಾ ಬಿಟ್ಟು ಬೇಕಿಂಗ್ ಪೌಡರ್ ಮಾತ್ರ ಬಳಸಿ, ಹೂರಣಕ್ಕೆ ಒಂದು ಚಮಚ ನಿಂಬೆರಸ ಹಿಂಡಿ. ಸೋಡಾ ಬೇಕೇ ಬೇಕೆಂದರೆ ಹಾಲಿನ ಬದಲು 120 ಮಿ.ಲೀ. ಹುಳಿ ಮಜ್ಜಿಗೆ, ಅದಕ್ಕೆ ಕಾಲು ಟೀ ಚಮಚ ಸೋಡಾ. ಆಗ ಬೇಕಿಂಗ್ ಪೌಡರ್ ಒಂದೂವರೆ ಚಮಚ ಸಾಕು.

ಓಟಿಜಿ (ಮನೆಬಳಕೆಯ ಕರೆಂಟ್ ಓವನ್) ಇಲ್ಲ. ಕುಕ್ಕರಿನಲ್ಲಿ ಆಗುತ್ತದೆಯೇ? (ಕೆಂಗೇರಿ)

ಆಗುತ್ತದೆ, ಆದರೆ ಮೇಲ್ಭಾಗ ಬಿಳಚಿಕೊಂಡೇ ಇರುತ್ತದೆ. ಐದು ಲೀಟರಿನ ಅಲ್ಯೂಮಿನಿಯಂ ಕುಕ್ಕರಿನ ರಬ್ಬರ್, ವಿಷಲ್ ಎರಡನ್ನೂ ತೆಗೆಯಿರಿ. ಇದನ್ನು ಮರೆತರೆ ಅಪಾಯ. ತಳಕ್ಕೆ ಎರಡು ಲೋಟ ಕಲ್ಲುಪ್ಪು, ಮೇಲೊಂದು ಸ್ಟ್ಯಾಂಡ್, ಮಧ್ಯಮ ಉರಿಯಲ್ಲಿ ಹತ್ತು ನಿಮಿಷ ಕಾಯಿಸಿ. ತಟ್ಟೆಯಲ್ಲಿ ನಾಲ್ಕೇ ತುಂಡು ಇಟ್ಟು 25ರಿಂದ 30 ನಿಮಿಷ. ಕೊನೆಗೆ ಬೆಣ್ಣೆ ಸವರಿದ ಕಾವಲಿಯ ಮೇಲೆ ಮಗುಚಿ ಒಂದು ನಿಮಿಷ ಕೆಂಪಗೆ ಮಾಡಿ.

ಇದಕ್ಕಿಂತ ಕಾವಲಿಯೇ ವಾಸಿ ಅನ್ನುವವರು ಸ್ಕಾಟ್ಲೆಂಡಿನವರ ದಾರಿ ಹಿಡಿಯಬಹುದು. ಅವರಲ್ಲಿ ಕಾವಲಿ ಸ್ಕೋನ್ ಹಳೆಯ ಅಡುಗೆ. ಒಟ್ಟು ದಪ್ಪ ಒಂದೂವರೆ ಸೆಂ.ಮೀ. ಮೀರದಿರಲಿ, ತುಂಡಿಗೆ ಒಂದೇ ಟೀ ಚಮಚ ಹೂರಣ, ದಪ್ಪ ಬೀಡಿನ ಕಾವಲಿ, ಸಣ್ಣ ಉರಿ, ಪ್ರತಿ ಕಡೆ ಆರೇಳು ನಿಮಿಷ. ಉರಿ ಜೋರಾದರೆ ಹೊರಗೆ ಕರಿ, ಒಳಗೆ ಹಸಿ.

ಮೊಟ್ಟೆ ಹಾಕದೆ ಆಗುತ್ತದೆಯೇ? (ಜಯನಗರ)

ಮೇಲಿನ ಲೆಕ್ಕದಲ್ಲಿ ಮೊಟ್ಟೆಯೇ ಇಲ್ಲ. ಹೊಳಪಿಗೆ ಹಾಲಿನ ಕೆನೆ ಸವರಿ.

ಮೈದಾ ಬದಲು ಗೋಧಿ, ರಾಗಿ? (ಹೆಬ್ಬಾಳ)

ಅರ್ಧ ಮೈದಾ, ಅರ್ಧ ಗೋಧಿ ಚೆನ್ನಾಗಿ ಬರುತ್ತದೆ. ಗೋಧಿ ಹೆಚ್ಚು ಹೀರುವುದರಿಂದ ಹಾಲು 15 ಮಿ.ಲೀ. ಜಾಸ್ತಿ ಬೇಕು. ರಾಗಿಯಲ್ಲಿ ಗ್ಲುಟನ್ ಇಲ್ಲ. 250 ಗ್ರಾಮಿನಲ್ಲಿ 50 ಗ್ರಾಂ ದಾಟಿದರೆ ಕತ್ತರಿಸುವಾಗಲೇ ಪುಡಿಯಾಗುತ್ತದೆ. ಹಲಸು, ಬೆಲ್ಲದ ಹೂರಣಕ್ಕೆ ಮಾತ್ರ ಆ 50 ಗ್ರಾಂ ರಾಗಿ ಒಳ್ಳೆಯ ಜೋಡಿ.

ಬೆಳಿಗ್ಗೆ ಮಕ್ಕಳ ಡಬ್ಬಕ್ಕೆ ಬಿಸಿಯಾಗಿ ಕೊಡಬೇಕು. ಹಿಂದಿನ ರಾತ್ರಿಯೇ ಮಾಡಿಡಬಹುದೇ? (ಬನಶಂಕರಿ)

ಬೇಯಿಸಿ ಇಡಬೇಡಿ. ಹಸಿಯಾಗಿಯೇ ಕತ್ತರಿಸಿ, ತಟ್ಟೆಯಲ್ಲಿ ಬಿಡಿಬಿಡಿಯಾಗಿ ಫ್ರೀಜರಿನಲ್ಲಿ ಗಟ್ಟಿಯಾಗಿಸಿ. ಆಮೇಲೆ ಜಿಪ್ ಕವರಿಗೆ ತುಂಬಿದರೆ ಒಂದು ತಿಂಗಳು ಇರುತ್ತದೆ. ಬೆಳಿಗ್ಗೆ ಕರಗಿಸದೆ ನೇರ ಓವನ್ನಿಗೆ: 190 ಡಿಗ್ರಿ, 25 ನಿಮಿಷ. ಬೇಯಿಸಿ ಮಿಕ್ಕಿದ್ದನ್ನು ಫ್ರಿಜ್ಜಿನಲ್ಲಿಟ್ಟರೆ ಹೊರಗಿಗಿಂತ ಬೇಗ ಒಣಕಲಾಗುತ್ತದೆ, ಹಣ್ಣಿನ ಹೂರಣವಿರುವುದರಿಂದ ಹೊರಗೂ ಒಂದು ದಿನಕ್ಕಿಂತ ಹೆಚ್ಚು ಇಡುವ ಹಾಗಿಲ್ಲ. ಮರುದಿನಕ್ಕೆ 160 ಡಿಗ್ರಿಯಲ್ಲಿ ಐದು ನಿಮಿಷ, ಅಥವಾ ಮುಚ್ಚಳ ಮುಚ್ಚಿದ ಕಾವಲಿಯಲ್ಲಿ ಸಣ್ಣ ಉರಿ. ಮೈಕ್ರೋವೇವ್ ಮಾತ್ರ ಬೇಡ. ಡಬ್ಬಕ್ಕೆ ಹಾಕುವ ಮುನ್ನ ಹದಿನೈದು ನಿಮಿಷ ಆರಲಿ: ಒಳಗಿನ ಹೂರಣ ಹೊರಗಿನ ಹಿಟ್ಟಿಗಿಂತ ತುಂಬಾ ಹೊತ್ತು ಬಿಸಿಯಾಗಿರುತ್ತದೆ, ಮಕ್ಕಳ ನಾಲಗೆ ಸುಟ್ಟೀತು.