ಲಾರ್ಸ್-ಎರಿಕ್: ಎರಡಲ್ಲ, ಒಂದೇ ಹೆಸರು

ಶಿವಮೊಗ್ಗದ ಓದುಗರೊಬ್ಬರು ಬರೆದಿದ್ದಾರೆ: "ಮಗನ ಸಂಸಾರ ಸ್ವೀಡನ್ನಿನ ಗೋಥೆನ್‌ಬರ್ಗ್‌ನಲ್ಲಿದೆ. ಹೋದ ವರ್ಷ ಮೂರು ತಿಂಗಳು ಅಲ್ಲಿದ್ದೆ. ಎದುರು ಮನೆಯ ಹಿರಿಯರ ಹೆಸರು ಲಾರ್ಸ್-ಎರಿಕ್. ಕೋಡುಬಳೆ ಕೊಡಲು ಹೋದಾಗ ‘ಲಾರ್ಸ್’ ಎಂದು ಕರೆದೆ. ಅವರು ನಕ್ಕು, ನಿಧಾನವಾಗಿ ‘ಲಾರ್ಸ್-ಎರಿಕ್’ ಎಂದರು. ಎರಿಕ್ ಎನ್ನುವುದು ಅವರ ತಂದೆಯ ಹೆಸರೇ? ಇದಕ್ಕೆ ಅರ್ಥವೇನು? ಹೆಸರು ನೋಡಿ ಸ್ವಭಾವ ಹೇಳಬಹುದೆಂದು ಎಲ್ಲೋ ಓದಿದೆ, ನಿಜವೇ?"

ಸಂಪಾದಕರ ಉತ್ತರ:

ಅಮ್ಮಾ, ಅವರು ನಿಮ್ಮ ತಪ್ಪು ಎತ್ತಿ ತೋರಿಸಲಿಲ್ಲ, ತಮ್ಮ ಹೆಸರನ್ನು ಪೂರ್ತಿ ಹೇಳಿದರು, ಅಷ್ಟೇ. ಶಿವರಾಮ ಎಂಬುವರನ್ನು ಪರಿಚಯವಿಲ್ಲದವರು ‘ಶಿವ’ ಎಂದು ಕರೆದರೆ ಅವರಿಗೂ ಏನೋ ಅರ್ಧಕ್ಕೆ ನಿಂತಂತೆ ಅನ್ನಿಸುತ್ತದಲ್ಲ, ಹಾಗೆ.

ಎರಿಕ್ ಎಂಬುದು ಅವರ ತಂದೆಯ ಹೆಸರೇ ಆಗಿರಬೇಕೆಂದಿಲ್ಲ. ಹಳೆಯ ಪದ್ಧತಿಯಲ್ಲಿ ತಂದೆಯ ಹೆಸರು ಎರಿಕ್ ಆಗಿದ್ದರೆ ಮಗ ‘ಎರಿಕ್‌ಸನ್’ ಆಗುತ್ತಿದ್ದ, ಎಂದರೆ ಎರಿಕನ ಮಗ. ಕಾಲಕ್ರಮದಲ್ಲಿ ಅದೇ ಮನೆತನದ ಹೆಸರಾಗಿ ನಿಂತಿತು. ನಡುವೆ ಸಣ್ಣ ಗೆರೆ ಹಾಕಿ ಬರೆದ ಲಾರ್ಸ್-ಎರಿಕ್ ಮಾತ್ರ ತಂದೆತಾಯಿ ಮಗುವಿಗೆ ಒಟ್ಟಿಗೆ ಇಟ್ಟ ಒಂದೇ ಹೆಸರು.

ಆ ಸಣ್ಣ ಗೆರೆಯ ಬೆಲೆ ದೊಡ್ಡದು. ಸ್ವೀಡನ್ನಿನಲ್ಲಿ ಮಗುವಿಗೆ ಎರಡು ಮೂರು ಹೆಸರಿಡುವುದು ಸಾಮಾನ್ಯ. ಅವುಗಳಲ್ಲಿ ಕರೆಯುವ ಹೆಸರು ಒಂದೇ, ಅದಕ್ಕೆ ‘ಟಿಲ್‌ಟಾಲ್ಸ್‌ನಮ್ನ್’ ಎನ್ನುತ್ತಾರೆ. ಅದು ಮೊದಲನೆಯದೇ ಆಗಬೇಕೆಂದಿಲ್ಲ. ಪ್ರಧಾನಿಯಾಗಿದ್ದ ಉಲೋಫ್ ಪಾಲ್ಮೆ ಅವರ ಪೂರ್ಣ ಹೆಸರು ಸ್ವೆನ್ ಉಲೋಫ್ ಯೋಆಕಿಮ್ ಪಾಲ್ಮೆ. ನಡುವಿನದೇ ಜಗತ್ತಿಗೆ ಗೊತ್ತಾಯಿತು. ಫುಟ್‌ಬಾಲ್ ತರಬೇತುದಾರ ಸ್ವೆನ್-ಯೋರಾನ್ ಎರಿಕ್‌ಸನ್ ಅವರದು ಬೇರೆ. ಅಲ್ಲಿ ಸ್ವೆನ್ ಬೇರೆಯಲ್ಲ, ಯೋರಾನ್ ಬೇರೆಯಲ್ಲ. ಅಭಿಮಾನಿಗಳು ಪ್ರೀತಿಯಿಂದ ‘ಸ್ವೆನ್ನಿಸ್’ ಎಂದು ಕರೆಯುತ್ತಿದ್ದರು, ಅದು ಸಲಿಗೆಯ ಮಾತು. ಟೇಬಲ್ ಟೆನಿಸ್‌ನಲ್ಲಿ 1992ರ ಒಲಿಂಪಿಕ್ ಚಿನ್ನ ಗೆದ್ದ ಯಾನ್-ಊವೆ ವಾಲ್ಡ್ನರ್ ಅವರನ್ನು ಸ್ವೀಡಿಷರು ಎರಡೂ ಭಾಗದ ಮೊದಲಕ್ಷರ ಸೇರಿಸಿ ‘ಯೀ-ಊ’ ಎನ್ನುತ್ತಾರೆ. ಚಿಕ್ಕದು ಮಾಡಿದರೂ ಎರಡನ್ನೂ ಬಿಡಲಿಲ್ಲ ನೋಡಿ.

ಇನ್ನು ಅರ್ಥ. ಲಾರ್ಸ್ ಎಂಬುದು ಲ್ಯಾಟಿನ್ನಿನ ಲಾರೆಂಟಿಯುಸ್ ಸವೆದು ಆದ ರೂಪ. ರೋಮಿನ ಹತ್ತಿರದ ಲಾರೆಂಟಮ್ ಎಂಬ ಊರಿನವನು ಎಂದು ಮೂಲಾರ್ಥ. 258ರಲ್ಲಿ ರೋಮಿನಲ್ಲಿ ಹುತಾತ್ಮನಾದ ಸಂತ ಲಾರೆಂಟಿಯುಸ್‌ನಿಂದ ಈ ಹೆಸರು ಉತ್ತರಕ್ಕೆ ಹೋಯಿತು. ಲುಂಡ್ ನಗರದ ಪ್ರಾಚೀನ ಕೆಥೆಡ್ರಲ್ ಅವನಿಗೇ ಅರ್ಪಿತ. ಎರಿಕ್ ಅಲ್ಲಿಯ ಮಣ್ಣಿನದೇ ಹೆಸರು. ಹಳೆಯ ನಾರ್ಸ್ ಭಾಷೆಯಲ್ಲಿ ಎಯ್ರೀಕ್ರ್. ‘ರೀಕ್ರ್’ ಎಂದರೆ ಒಡೆಯ, ಬಲವಂತ. ಮೊದಲ ಭಾಗವನ್ನು ಕೆಲವರು ‘ಸದಾ’ ಎಂದೂ ಕೆಲವರು ‘ಒಬ್ಬನೇ’ ಎಂದೂ ಬಿಡಿಸುತ್ತಾರೆ. ಹೀಗೆ ನಿಮ್ಮ ಎದುರು ಮನೆಯವರ ಹೆಸರಿನ ಅರ್ಧ ಚರ್ಚಿನ ಜೊತೆ ಬಂದದ್ದು, ಇನ್ನರ್ಧ ಚರ್ಚು ಬರುವ ಮೊದಲೇ ಅಲ್ಲಿದ್ದದ್ದು. ನನಗೆ ಈ ಹೆಸರು ಇಷ್ಟವಾಗುವುದೇ ಅದಕ್ಕೆ.

ಜೋಡಿ ಹೆಸರು ಮೊದಮೊದಲು ದೊಡ್ಡ ಮನೆತನಗಳಲ್ಲಿತ್ತು. 1594ರಲ್ಲಿ ಹುಟ್ಟಿದ ರಾಜ ಗುಸ್ತಾವ್ ಅಡಾಲ್ಫ್‌ನನ್ನೇ ತೆಗೆದುಕೊಳ್ಳಿ. ತಂದೆಯ ತಂದೆ ಗುಸ್ತಾವ್, ತಾಯಿಯ ತಂದೆ ಅಡಾಲ್ಫ್. ಇಬ್ಬರು ಅಜ್ಜಂದಿರೂ ಒಂದೇ ಮೊಮ್ಮಗನಲ್ಲಿ! ಅಜ್ಜನ ಹೆಸರು ಮೊಮ್ಮಗನಿಗಿಡುವ ನಮ್ಮವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಯಾರ ಕಡೆಯ ಅಜ್ಜ ಎಂಬ ಜಗಳವೂ ಉಳಿಯಲಿಲ್ಲ. ನಿಮ್ಮ ಮಗ ಇರುವ ಗೋಥೆನ್‌ಬರ್ಗ್ ಕಟ್ಟಿಸಿದವನು ಇವನೇ. ಅವನು ಯುದ್ಧದಲ್ಲಿ ಮಡಿದ ನವೆಂಬರ್ 6ರಂದು ಅಲ್ಲಿಯ ಬೇಕರಿಗಳಲ್ಲಿ ರಾಜನ ಮುಖದ ಅಚ್ಚಿಟ್ಟ ಕೇಕ್ ಮಾರುತ್ತಾರೆ. ಮಗನನ್ನು ಕೇಳಿ, ತಿಂದಿರುತ್ತಾರೆ.

ಫ್ರಾನ್ಸಿನ ಪೋ ಎಂಬ ಊರಲ್ಲಿ ಹುಟ್ಟಿದ ಸೇನಾನಿ ಬರ್ನಡಾಟ್ 1810ರಲ್ಲಿ ಸ್ವೀಡನ್ನಿನ ಯುವರಾಜನಾಗಿ ಆಯ್ಕೆಯಾದಾಗ ತೊಟ್ಟುಕೊಂಡ ಹೆಸರೂ ಜೋಡಿಯದೇ: ಕಾರ್ಲ್ ಯೂಹಾನ್. ಓಸ್ಲೋದ ಮುಖ್ಯ ಬೀದಿಗೆ ಇಂದಿಗೂ ಅವನ ಹೆಸರಿದೆ. ಕಾಡಿನಲ್ಲಿ ಆರಿಸಿ ತಿನ್ನುವ ಒಂದು ರುಚಿಯ ಅಣಬೆಯನ್ನೂ ಸ್ವೀಡಿಷರು ಕಾರ್ಲ್‌ಯೂಹಾನ್ ಎನ್ನುತ್ತಾರೆ.

ಸ್ವಭಾವದ ಪ್ರಶ್ನೆಗೆ ನೇರವಾಗಿಯೇ ಹೇಳುತ್ತೇನೆ. ಇಂಥ ಹೆಸರಿನವರು ಮುಂಗೋಪಿಗಳು, ಅಂಥ ಹೆಸರಿನವರು ಉದಾರಿಗಳು ಎಂಬುದನ್ನು ನಂಬಬೇಡಿ. ಆದರೆ ಹೆಸರಿಗೆ ಒಂದು ವಯಸ್ಸಿದೆ. ಲಾರ್ಸ್-ಎರಿಕ್, ಸ್ವೆನ್-ಎರಿಕ್, ಬ್ರಿಟ್-ಮರೀ ಮುಂತಾದವು ಕಳೆದ ಶತಮಾನದ ಮಧ್ಯದ ದಶಕಗಳಲ್ಲಿ ಮನೆಮನೆಯ ಹೆಸರಾಗಿದ್ದವು. ಇಂಥ ಹೆಸರು ಕಿವಿಗೆ ಬಿದ್ದರೆ ಸ್ವೀಡಿಷರ ಕಣ್ಣಮುಂದೆ ಬರುವುದು ತಲೆ ನರೆತ ಒಬ್ಬ ಹಿರಿಯರು. ನೀವು ಕಂಡದ್ದೂ ಅಂಥವರನ್ನೇ. ಅವರ ಗುಣ ತಿಳಿಯಲು ಹೆಸರು ಬೇಡ. ಖಾರ ಹೆಚ್ಚಾದರೂ ಕೋಡುಬಳೆ ಪೂರ್ತಿ ತಿಂದು, ಮಾರನೆಯ ದಿನ ಡಬ್ಬಿ ತೊಳೆದು ಸೇಬು ತುಂಬಿಸಿ ಕೊಟ್ಟರೆಂದು ನೀವೇ ಬರೆದಿದ್ದೀರಿ.

ಬರುವ ಮೇ ತಿಂಗಳಲ್ಲಿ ಮತ್ತೆ ಹೊರಟಿದ್ದೀರಲ್ಲ. ಸ್ವೀಡನ್ನಿನ ಪಂಚಾಂಗದಲ್ಲಿ ದಿನಕ್ಕೊಂದು ಹೆಸರು ಬರೆದಿರುತ್ತದೆ. ಮೇ 18 ಎರಿಕ್ ದಿನ, ಆಗಸ್ಟ್ 10 ಲಾರ್ಸ್ ದಿನ. ಹದಿನೆಂಟರಂದು ಬಾಗಿಲು ತಟ್ಟಿ ‘ಗ್ರಾಟಿಸ್ ಪೋ ನಮ್ನ್ಸ್‌ದಾಗೆನ್, ಲಾರ್ಸ್-ಎರಿಕ್’ ಎನ್ನಿ. ಹೆಸರಿನ ದಿನದ ಶುಭಾಶಯ ಎಂದರ್ಥ. ಹೆಸರು ಹೇಳುವಾಗ ಒತ್ತು ಎರಿಕ್ ಮೇಲೆ ಬೀಳಲಿ, ಲಾರ್ಸ್ ಹಗುರವಾಗಿ ಹೋಗಲಿ. ಈ ಸಲ ಕೋಡುಬಳೆಗೆ ಖಾರ ಸ್ವಲ್ಪ ಕಡಿಮೆ ಹಾಕಿ.